ಸ್ವಾವೊಮಿರ್ ಇಜ್ಯಾಕ್ ಯಾರು? ಅವರ ಛಾಯಾಗ್ರಹಣದಲ್ಲಿ ಅಂಥ ವಿಶೇಷ ಏನು?

ಇಜ್ಯಾಕ್ ಪೋಲೆಂಡಿನ ಸಿನಿಮಾ ಛಾಯಾಗ್ರಾಹಕರು, ಬಣ್ಣದ ಫಿಲ್ಟರುಗಳಿಗೆ (ಕ್ಯಾಮೆರಾ ಲೆನ್ಸಿನ ಮುಂದೆ ಹಾಕುವ ಬಣ್ಣದ ಗಾಜುಗಳಿಗೆ) ಹೆಸರಾದವರು. 1945ರಲ್ಲಿ ಕಾಟೊವಿಟ್ಸೆಯಲ್ಲಿ ಹುಟ್ಟಿ, ವುಚ್ ನಗರದ ಹೆಸರಾಂತ ಫಿಲ್ಮ್ ಸ್ಕೂಲಿನಲ್ಲಿ ಕಲಿತರು. ನಿರ್ದೇಶಕ ಜನೂಸಿ ಜೊತೆ ಹಲವು ಚಿತ್ರ ಮಾಡಿದರು.

ಆದರೆ ಅವರ ಕೈಚಳಕ ಗೊತ್ತಾಗಬೇಕಾದರೆ ಕೀಶ್ಲೊವ್ಸ್ಕಿ ನಿರ್ದೇಶಿಸಿದ 'ಎ ಶಾರ್ಟ್ ಫಿಲ್ಮ್ ಅಬೌಟ್ ಕಿಲ್ಲಿಂಗ್' (1988) ನೋಡಿ. ಒಂದು ಕೊಲೆ, ಅದಕ್ಕೆ ಗಲ್ಲು, ಇಷ್ಟೇ ಕಥೆ. ಹಸಿರು ಫಿಲ್ಟರ್ ಹಾಕಿಯೇ ತೆಗೆಯೋದಾದರೆ ಮಾತ್ರ ಬರ್ತೀನಿ ಅಂತ ಇಜ್ಯಾಕ್ ಷರತ್ತು ಹಾಕಿದ್ದರಂತೆ. ಹಸಿರು ಅಂದ್ರೆ ನಮಗೆ ತಂಪು, ಅಲ್ವಾ? ಇಲ್ಲಿ ವಾರ್ಸಾ ನಗರ ಕೊಳೆತ ಹಾಗೆ ಕಾಣುತ್ತದೆ. ಚೌಕಟ್ಟಿನ ಅಂಚುಗಳನ್ನೂ ಕತ್ತಲು ಮಾಡಿ, ಬೇಕಾದ್ದನ್ನಷ್ಟೇ ತೋರಿಸುತ್ತಾರೆ. ಸುಮ್ನೆ ಅಲಂಕಾರಕ್ಕೆ ಹಾಕಿದ ಬಣ್ಣ ಅಲ್ಲ ಅದು. ಅದನ್ನು ತೆಗೆದುಬಿಟ್ಟರೆ ಚಿತ್ರವೇ ಬೇರೆಯಾಗುತ್ತಿತ್ತು ಅನ್ನೋದು ನನ್ನ ಅನಿಸಿಕೆ.

ಕೀಶ್ಲೊವ್ಸ್ಕಿ ಜೊತೆಗೇ 'ದ ಡಬಲ್ ಲೈಫ್ ಆಫ್ ವೆರೋನಿಕ್' (1991), 'ತ್ರೀ ಕಲರ್ಸ್: ಬ್ಲೂ' (1993) ಬಂದವು. ಆಮೇಲೆ ಹಾಲಿವುಡ್. 'ಗಟಾಕಾ'ದಲ್ಲಿ ಹೊಂಬಣ್ಣ ಜಾಸ್ತಿ. 'ಬ್ಲ್ಯಾಕ್ ಹಾಕ್ ಡೌನ್' (2001) ಚಿತ್ರದ ಛಾಯಾಗ್ರಹಣಕ್ಕೆ ಇವರಿಗೆ ಆಸ್ಕರ್ ನಾಮನಿರ್ದೇಶನ ಸಿಕ್ಕಿತು, ಪ್ರಶಸ್ತಿ ಸಿಗಲಿಲ್ಲ. 2007ರ ಹ್ಯಾರಿ ಪಾಟರ್ ಚಿತ್ರಕ್ಕೂ ಇವರದೇ ಛಾಯಾಗ್ರಹಣ.