ತಲೆ ತಿರುಗಿದ್ದು ಜ್ವರಕ್ಕೋ, ಸಿನಿಮಾಕ್ಕೋ?

ಪ್ರಶ್ನೆ: ಧಾರವಾಡದಲ್ಲಿ ಎರಡು ದಿನದ ಪ್ರಯೋಗಾತ್ಮಕ ಚಿತ್ರೋತ್ಸವ ಇತ್ತು. ನನಗೆ ಹಿಂದಿನ ರಾತ್ರಿಯಿಂದ ಸಣ್ಣ ಜ್ವರ, ಜೊತೆಗೆ ಅರೆತಲೆನೋವು. ‘ಆರಾಮಿಲ್ಲ, ಎಲ್ಲಿ ಹೊಂಟಿ?’ ಅಂತ ಅವ್ವ ಬೈದರೂ ಕೇಳದೆ ಬೆಳಿಗ್ಗೆ ಚಿಗರಿ ಬಸ್ ಹತ್ತಿದೆ. ಮೂರನೇ ಚಿತ್ರದಲ್ಲಿ ಕತೆ ಇಲ್ಲ, ಮನುಷ್ಯರಿಲ್ಲ, ಬರೀ ಬೆಳಕು ಪಟಪಟ ಹೊಡೆಯುತ್ತಿತ್ತು. ಹೊಟ್ಟೆ ತೊಳಸಿ ಎದ್ದು ಬಂದೆ. ‘ನಿನಗೆ ಇಂಥದ್ದೆಲ್ಲ ತಿಳಿಯಲ್ಲ ಬಿಡು’ ಅಂತ ಗೆಳೆಯರು ನಕ್ಕರು. ತಪ್ಪು ನನ್ನದೇನಾ?
– ಓದುಗ, ಹುಬ್ಬಳ್ಳಿ

ಉತ್ತರ: ಎದ್ದು ಬಂದದ್ದು ತಪ್ಪಲ್ಲ. ಜ್ವರ ಇಟ್ಟುಕೊಂಡು ಹೋದದ್ದು ತಪ್ಪು, ಅಲ್ಲಿ ಅವ್ವನ ಮಾತೇ ಸರಿ. ಪಕ್ಕದಲ್ಲಿ ಕೂತವರಿಗೂ ಅಂಟಬಹುದು, ಅಲ್ವಾ?

ನಕ್ಕ ಗೆಳೆಯರಿಗೆ ಒಂದು ವಿಷಯ ಹೇಳಿ. ಅಮೆರಿಕದ ಟೋನಿ ಕಾನ್ರಾಡ್ 1966ರಲ್ಲಿ ‘ದಿ ಫ್ಲಿಕರ್’ ಅಂತ ಸುಮಾರು 30 ನಿಮಿಷದ ಚಿತ್ರ ಮಾಡಿದರು. ಅದರಲ್ಲಿ ಇರುವುದು ಪಟಪಟ ಬದಲಾಗುವ ಕಪ್ಪು ಪರದೆ, ಬಿಳಿ ಪರದೆ, ಅಷ್ಟೇ. ಕೆಲವರಿಗೆ ಮೂರ್ಛೆ ಬರಬಹುದು, ಡಾಕ್ಟರ್ ಒಬ್ಬರು ಹಾಜರಿರಬೇಕು ಅಂತ ಚಿತ್ರದ ಶುರುವಿನಲ್ಲೇ ಎಚ್ಚರಿಕೆ ಬರುತ್ತದೆ. ಮಾಡಿದವರೇ ಹೀಗೆ ಹೇಳಿರುವಾಗ ನಿಮ್ಮನ್ನು ನೋಡಿ ನಗುವುದೇನು! ಸೆಕೆಂಡಿಗೆ 3ರಿಂದ 30 ಸಲ ಮಿನುಗುವ ಬೆಳಕು ಮೂರ್ಛೆರೋಗ ಇರುವ ಕೆಲವರಿಗೆ ಅಪಾಯ, ಅರೆತಲೆನೋವು ಇರುವ ಎಷ್ಟೋ ಜನರಿಗಂತೂ ಸುಮ್ನೆ ಟ್ಯೂಬ್‌ಲೈಟ್ ಮಿಣುಕಿದರೂ ತಡೆಯಲಾಗುವುದಿಲ್ಲ.

ಮುಂದಿನ ಸಲ ಹೋಗಿ, ಆದರೆ ಮೊದಲೇ ಸಂಘಟಕರನ್ನು ಕೇಳಿ: ಯಾವ ಚಿತ್ರದಲ್ಲಿ ಮಿನುಗು ಇದೆ, ಎಷ್ಟು ಹೊತ್ತು? ಕೇಳಲು ನಾಚಿಕೆ ಬೇಡ. ಹಿಂದಿನ ಸಾಲಿನಲ್ಲಿ, ದಾರಿ ಪಕ್ಕದ ಕುರ್ಚಿ ಹಿಡಿಯಿರಿ, ಪರದೆ ದೂರ ಇದ್ದಷ್ಟೂ ಕಣ್ಣಿಗೆ ಹಗುರ, ಯಾರ ಕಾಲೂ ತುಳಿಯದೆ ಹೊರಗೆ ಬರಬಹುದು. ಬೆಳಕು ಜಾಸ್ತಿ ಆಯಿತು ಅನಿಸಿದರೆ ಬರೀ ಕಣ್ಣು ಮುಚ್ಚಿದರೆ ಸಾಲದು, ರೆಪ್ಪೆ ದಾಟಿಯೂ ಬೆಳಕು ಒಳಗೆ ಬರುತ್ತದೆ. ಒಂದು ಕಣ್ಣಿಗೆ ಅಂಗೈ ಒತ್ತಿ ಹಿಡಿದು ಮುಖ ಆಚೆ ತಿರುಗಿಸಿ, ಎದ್ದು ಬನ್ನಿ. ಖಾಲಿ ಹೊಟ್ಟೆಯಲ್ಲಂತೂ ಕೂರಬೇಡಿ, ಉಪವಾಸವೇ ಎಷ್ಟೋ ಜನರಿಗೆ ಅರೆತಲೆನೋವು ತರುತ್ತದೆ. ಹಾಗಂತ ಬಿಡುವಿನಲ್ಲಿ ಗಿರ್ಮಿಟ್ ಮೇಲೆ ನಾಲ್ಕು ಮಿರ್ಚಿ ಹೊಡೆದು ಬಂದು ಸಿನಿಮಾವನ್ನು ಬೈಯಬೇಡಿ!

ಎಲ್ಲ ಪ್ರಯೋಗವೂ ಹೀಗೆ ಕಣ್ಣಿಗೆ ಹೊಡೆಯುವುದಿಲ್ಲ. ಅಮೆರಿಕದ ಕಲಾವಿದ ಆಂಡಿ ವಾರ್ಹೋಲ್ 1964ರಲ್ಲಿ ಒಂದೇ ಕಟ್ಟಡ ತೋರಿಸುವ ‘ಎಂಪೈರ್’ ಮಾಡಿದರು, 8 ಗಂಟೆಗೂ ಜಾಸ್ತಿ. ಅಂಥದ್ದಿದ್ದರೆ ನಡುವೆ ಎದ್ದು ಚಹಾ ಕುಡಿದು ಬನ್ನಿ, ಕಟ್ಟಡ ಅಲ್ಲೇ ಇರುತ್ತದೆ.

ಮಿನುಗು ಬೆಳಕಿಗೆ ಎಂದಾದರೂ ಕೈಕಾಲು ಜುಮುಗುಟ್ಟಿದ್ದರೆ, ಎಚ್ಚರ ತಪ್ಪಿದಂತಾಗಿದ್ದರೆ ಮೊದಲು ನರರೋಗ ತಜ್ಞರಿಗೆ ತೋರಿಸಿ, ಟಿಕೆಟ್ ಆಮೇಲೆ.