ಸಾಕ್ಷ್ಯಚಿತ್ರದಲ್ಲಿ ಕಾಣುವ ಸಾಮಾನ್ಯ ಜನ ನಿಜಕ್ಕೂ ಸಹಜವಾಗಿರುತ್ತಾರಾ?

ನಟರಲ್ಲದವರು ಸಾಕ್ಷ್ಯಚಿತ್ರದಲ್ಲೋ ಹಳೆಯ ದಾಖಲೆ ದೃಶ್ಯಗಳಲ್ಲೋ ಕಾಣಿಸಿಕೊಂಡಾಗ ತಮ್ಮಂತೆಯೇ ಇರುತ್ತಾರಾ, ಇಲ್ಲ ಕ್ಯಾಮೆರಾ ಕಂಡು ನಟಿಸುತ್ತಾರಾ ಎಂದು ಕೇಳಿದ್ದೀರಿ. ಕ್ಯಾಮೆರಾ ಕಣ್ಣಿಗೆ ಬಿದ್ದ ಮೇಲೆ ಯಾರೂ ಮೊದಲಿನ ಹಾಗೆ ಇರುವುದಿಲ್ಲ. ಆದರೆ ನಾಚಿಕೊಳ್ಳುವುದು, ಬೀಗುವುದು, ಮುಖ ತಿರುಗಿಸುವುದು ಕೂಡ ಅವರದೇ ಸ್ವಭಾವ ತಾನೆ? ಅದನ್ನು ನಟನೆ ಎಂದು ತಳ್ಳಿಹಾಕಲು ನನಗೆ ಮನಸ್ಸು ಬರುವುದಿಲ್ಲ.

ಯಾರು ಯಾರನ್ನು ಚಿತ್ರೀಕರಿಸುತ್ತಿದ್ದಾರೆ ಎಂಬುದನ್ನು ಮೊದಲು ನೋಡಿ. 1895ರಲ್ಲಿ, ಸಿನಿಮಾ ಹುಟ್ಟುತ್ತಿದ್ದ ಕಾಲದಲ್ಲಿ, ಅದರ ಆದ್ಯರಾದ ಲುಮಿಯೇರ್ ಸಹೋದರರು ಫ್ರಾನ್ಸಿನ ಲಿಯಾನ್‌ನಲ್ಲಿ ತಮ್ಮದೇ ಕಾರ್ಖಾನೆಯ ಕೆಲಸಗಾರರು ಹೊರಬರುವುದನ್ನು ಸೆರೆಹಿಡಿದರು. ಅದರ ಮೂರು ಆವೃತ್ತಿಗಳಿವೆ: ಒಂದರಲ್ಲಿ ಒಂದು ಕುದುರೆ, ಇನ್ನೊಂದರಲ್ಲಿ ಎರಡು, ಮತ್ತೊಂದರಲ್ಲಿ ಕುದುರೆಯೇ ಇಲ್ಲ. ಅಂದರೆ ಒಮ್ಮೆ ಹೊರಬಂದದ್ದು ಸಾಲದೆ ಮತ್ತೆ ಬಂದಿದ್ದಾರೆ. ಎದುರಿಗೆ ಧಣಿಗಳ ಕ್ಯಾಮೆರಾ. ಹೆಚ್ಚಿನವರು ಅದು ಅಲ್ಲಿ ಇಲ್ಲವೇ ಇಲ್ಲ ಎನ್ನುವಂತೆ ಎಡಕ್ಕೋ ಬಲಕ್ಕೋ ಸರಸರನೆ ಸಾಗುತ್ತಾರೆ.

ಇದರ ಪಕ್ಕದಲ್ಲಿ ಇಂಗ್ಲೆಂಡಿನ ಮಿಚೆಲ್ ಮತ್ತು ಕೆನ್ಯನ್ ಎಂಬ ಇಬ್ಬರು ಚಿತ್ರ ತಯಾರಕರ ಚಿತ್ರಗಳನ್ನು ಇಟ್ಟು ನೋಡಿ. 1900ರ ನಂತರದ ಕೆಲವು ವರ್ಷ ಅವರು ಗಿರಣಿ ಬಾಗಿಲುಗಳಲ್ಲಿ, ಬೀದಿಗಳಲ್ಲಿ ಚಿತ್ರ ತೆಗೆದರು. ಆ ರೀಲುಗಳನ್ನು ಅದೇ ಊರಿನ ಜಾತ್ರೆಯಲ್ಲೋ ಸಭಾಂಗಣದಲ್ಲೋ ತೋರಿಸಿದರೆ, ತಮ್ಮ ಮುಖ ನೋಡಲು ಜನ ದುಡ್ಡು ಕೊಟ್ಟು ಬರುತ್ತಿದ್ದರು. ಹೆಚ್ಚು ಮುಖ ಬಿದ್ದಷ್ಟೂ ಹೆಚ್ಚು ಟಿಕೆಟ್. ಅದಕ್ಕೇ ಆ ಚಿತ್ರಗಳಲ್ಲಿ ನೇರ ನೋಟಗಳು ತುಂಬಿಕೊಂಡಿವೆ: ಟೋಪಿ ಬೀಸುವವರು, ಕ್ಯಾಮೆರಾ ಮುಂದೆ ಬಂದು ನಿಂತೇಬಿಡುವ ಹುಡುಗರು, ಶಾಲಿನ ಮರೆಯಲ್ಲೇ ನಗುವ ಹೆಂಗಸರು. 1994ರಲ್ಲಿ ಬ್ಲ್ಯಾಕ್‌ಬರ್ನ್‌ನ ಅಂಗಡಿಯೊಂದರ ನೆಲಮಾಳಿಗೆಯಲ್ಲಿ ಅವರ ಸುಮಾರು 800 ನೆಗೆಟಿವ್ ರೀಲುಗಳು ಡ್ರಮ್ಮುಗಳಲ್ಲಿ ಸಿಕ್ಕವು. ಸಿಗದೆ ಹೋಗಿದ್ದರೆ ಆ ಜನರ ನಡಿಗೆ, ನಗು ಯಾವುದೂ ನಮಗೆ ಗೊತ್ತಾಗುತ್ತಿರಲಿಲ್ಲ. ನನಗೆ ಇಡೀ ದಾಖಲೆ ಸಿನಿಮಾದಲ್ಲಿ ಇವರಷ್ಟು ಹತ್ತಿರದವರು ಬೇರೆ ಯಾರೂ ಅನಿಸಿಲ್ಲ.

ಸುಳ್ಳು ಸೇರುವುದು ಹೆಚ್ಚಾಗಿ ಕ್ಯಾಮೆರಾದ ಹಿಂದಿನಿಂದ. ರಾಬರ್ಟ್ ಫ್ಲಾಹರ್ಟಿಯ 1922ರ ‘ನಾನೂಕ್ ಆಫ್ ದ ನಾರ್ತ್’ ಸಾಕ್ಷ್ಯಚಿತ್ರದ ಇನುಯಿಟ್ (ಉತ್ತರ ಧ್ರುವದ ಕಡೆಯ ಮೂಲನಿವಾಸಿ) ಬೇಟೆಗಾರನ ನಿಜವಾದ ಹೆಸರು ಅಲ್ಲಾಕರಿಯಾಲಕ್. ಪರದೆಯ ಮೇಲಿನ ಹೆಂಡತಿ ಅವನ ಹೆಂಡತಿಯಲ್ಲ. ಬಂದೂಕು ಬಳಸುತ್ತಿದ್ದ ಕಾಲದಲ್ಲಿ ಅವನ ಕೈಗೆ ಈಟಿ ಕೊಟ್ಟು ಬೇಟೆಯಾಡಿಸಿದರು. ಅವನ ಮುಖ ಅವನದೇ, ಬದುಕು ಮಾತ್ರ ನಿರ್ದೇಶಕ ಬಯಸಿದ್ದು.

ನನ್ನನ್ನು ಹೆಚ್ಚು ಕಾಡುವುದು ಹೆಸರಿನ ವಿಷಯ. ಪತ್ರಾಗಾರದ ಪಟ್ಟಿಯಲ್ಲಿ ಉದ್ಘಾಟನೆಗೆ ಬಂದ ಮಂತ್ರಿಗೆ ಹೆಸರಿರುತ್ತದೆ, ಸುತ್ತ ನಿಂತ ಇನ್ನೂರು ಮಂದಿ ‘ಜನಸಂದಣಿ’ ಆಗುತ್ತಾರೆ. ಆಮೇಲೆ ಅದೇ ತುಣುಕನ್ನು ಯಾವುದೋ ಬರಗಾಲದ, ಯುದ್ಧದ ಕಥೆಗೆ ಅಂಟಿಸಿದರೂ ಕೇಳುವವರಿಲ್ಲ. ಹಳೆಯ ದೃಶ್ಯವೊಂದರಲ್ಲಿ ನಿಮ್ಮ ಕಡೆಯವರ ಗುರುತು ಸಿಕ್ಕರೆ ಅದನ್ನು ಕಾಪಿಟ್ಟ ಸಂಸ್ಥೆಗೆ ಬರೆದು ತಿಳಿಸಿ. ನೀವೇ ಮನೆಯವರ ವಿಡಿಯೊ ತೆಗೆಯುತ್ತಿದ್ದರೆ, ಯಾರು, ಎಲ್ಲಿ, ಯಾವ ವರ್ಷ ಎಂದು ಅವರ ಬಾಯಿಂದಲೇ ಹೇಳಿಸಿ.