ಬೇಜಾರು ಯಾವ ಊರಿನ ಫಾರ್ಸಿ?

ಮೈಸೂರಿನ ಓದುಗರೊಬ್ಬರ ಪತ್ರದ ಸಾರ: ‘ನಮ್ಮ ಮಹಡಿಯ ಮನೆಯಲ್ಲಿ ಇಬ್ಬರು ವಿದ್ಯಾರ್ಥಿಗಳು ಬಾಡಿಗೆಗಿದ್ದಾರೆ. ಒಬ್ಬ ತೆಹರಾನಿನವನು, ಇನ್ನೊಬ್ಬ ಕಾಬೂಲಿನವನು. ಇಬ್ಬರೂ ತಮ್ಮದು ಪರ್ಷಿಯನ್ ಎನ್ನುತ್ತಾರೆ. ಆದರೆ ಕಾಬೂಲಿನವನ ಮಾತು ಕೇಳಿ ಇರಾನಿನವನು ನಗುತ್ತಾನೆ. ಇವರಲ್ಲಿ ಯಾರದು ಶುದ್ಧ? ಕಳೆದ ಸಂಚಿಕೆಯ ಲೇಖನದಲ್ಲಿ ಗೀಲಕಿ, ಕುರ್ದಿಶ್‌ಗಳನ್ನೂ ಪರ್ಷಿಯನ್ನಿನ ಉಪಭಾಷೆಗಳೆಂದು ಬರೆದಿದ್ದೀರಲ್ಲ, ಸರಿಯೇ?’

ಮಾನ್ಯರೇ,

ಮೊದಲು ತಪ್ಪೊಪ್ಪಿಗೆ. ತುಳುವನ್ನು ಕನ್ನಡದ ಉಪಭಾಷೆ ಎಂದರೆ ಎಷ್ಟು ತಪ್ಪೋ ಇದೂ ಅಷ್ಟೇ ತಪ್ಪು. ಅವು ಒಂದೇ ಇರಾನಿ ಬಳಗದ ಬೇರೆ ಬೇರೆ ಭಾಷೆಗಳು. ಕ್ಯಾಸ್ಪಿಯನ್ ತೀರದ ಗೀಲಾನ್ ಪ್ರಾಂತದ ಗೀಲಕಿಯಲ್ಲಿ ನಮ್ಮ ಹಾಗೆ ‘ದೊಡ್ಡ’ ಮೊದಲು, ‘ಮನೆ’ ಆಮೇಲೆ. ಪರ್ಷಿಯನ್ನಿನಲ್ಲಿ ತಿರುಗುಮುರುಗು: ‘ಖಾನೆ-ಯೆ ಬೊಜೊರ್ಗ್’, ಮನೆ ಮೊದಲು. ಬೀದರಿನ ಮದರಸಾ ಕಟ್ಟಿಸಿದ ಮಹಮೂದ್ ಗವಾನ್ ಬಂದದ್ದೂ ಆ ಗೀಲಾನಿನಿಂದಲೇ. ಲೇಖನ ತಿದ್ದುವಾಗ ನನ್ನ ಕಣ್ಣಿಗೆ ಬೀಳಬೇಕಿತ್ತು.

ಇನ್ನು ನಿಮ್ಮ ಮಹಡಿಯ ವಿಷಯ. ಇರಾನಿನ ಫಾರ್ಸಿ, ಅಫ್ಘಾನಿಸ್ತಾನದ ದರಿ, ತಜಿಕಿಸ್ತಾನದ ತಜಿಕ್ ಮೂರೂ ಒಂದೇ ಭಾಷೆಯ ರೂಪಗಳು. ದರಿ ಹಳೆಯ ಹೆಸರೇ. ಅಫ್ಘಾನಿಸ್ತಾನ ಅದನ್ನು ಸಂವಿಧಾನದಲ್ಲಿ ಬರೆದದ್ದು 1964ರಲ್ಲಿ. ತಜಿಕ್ ಸೋವಿಯತ್ ಕಾಲದಲ್ಲಿ ಮೊದಲು ಲ್ಯಾಟಿನ್, ಬಳಿಕ ಸಿರಿಲಿಕ್ ಲಿಪಿಗೆ ಹೋಯಿತು. ರೊಟ್ಟಿಗೆ ಕಾಬೂಲಿನಲ್ಲಿ ನಾನ್, ತಜಿಕಿಸ್ತಾನದ ದುಶಾಂಬೆಯಲ್ಲಿ ನೋನ್, ತೆಹರಾನಿನ ಬೀದಿಯಲ್ಲಿ ನೂನ್. ಹಾಗೆ ನೂನ್ ಎನ್ನುವವನೇ ಬರೆಯಲು ಕೂತರೆ ನಾನ್ ಎಂದೇ ಬರೆಯುತ್ತಾನೆ. ಇರಾನಿನದೇ ಇಸ್ಫಹಾನಿಗೆ ಹೋದರೆ ವಾಕ್ಯದ ಕೊನೆಯಲ್ಲಿ ‘ಆಗಿದೆ’ ಎಂಬರ್ಥ ಕೊಡುವ ‘ಎ’ ಎಂಬುದು ‘ಎಸ್’ ಆಗುತ್ತದೆ. ತೆಹರಾನಿನವರು ಅದಕ್ಕೂ ನಗುತ್ತಾರೆ.

‘ಶುದ್ಧ’ ಎಂಬ ಮಾತು ಕೇಳಿದರೆ ನನಗೆ ಬೇಜಾರು. ಈ ಬೇಜಾರನ್ನೇ ನೋಡಿ, ಇದೂ ಪರ್ಷಿಯನ್ನಿನಿಂದ ಬಂದದ್ದು. ಹಿಂದಿನ ಕವಿಗಳ ಕಾಲದಲ್ಲಿ ಆ ಭಾಷೆಗೆ ‘ಏ’ ಬೇರೆ, ‘ಈ’ ಬೇರೆ ಇತ್ತು. ಇರಾನಿನಲ್ಲಿ ಬರಬರುತ್ತಾ ಎರಡೂ ಸೇರಿ ‘ಈ’ ಒಂದೇ ಉಳಿಯಿತು. ಇಂದು ಅಲ್ಲಿ ಅದು ‘ಬೀಜಾರ್’. ಕಾಬೂಲಿನ ಕಡೆ ಮತ್ತು ನಮ್ಮ ದೇಶಕ್ಕೆ ಬಂದ ಪರ್ಷಿಯನ್ನಿನಲ್ಲಿ ಹಳೆಯ ‘ಏ’ ಅಳಿಯಲಿಲ್ಲ. ಹಾಗಾಗಿ ಬೇಜಾರು, ಬೇನಾಮಿ ಎನ್ನುವಾಗ ಆ ಒಂದು ಅಕ್ಷರದ ಮಟ್ಟಿಗೆ ತೆಹರಾನಿನವನಿಗಿಂತ ನಾವೇ ಹಳಬರು. ಹಾಗೆಂದು ಕಾರ್ಖಾನೆ, ದವಾಖಾನೆಗಳ ಕೊನೆಯ ‘ಎ’ ಕೇಳಿ ತೆಹರಾನಿನ ನಂಟು ಕಟ್ಟಬೇಡಿ. ಅವರೂ ‘ಖಾನೆ’ ಎನ್ನುತ್ತಾರೆ, ನಿಜ. ಆದರೆ ನಮ್ಮಲ್ಲಿ ಮಾಲಾ ಮಾಲೆಯಾದ ಹಾಗೆ ಖಾನಾ ಖಾನೆಯಾಯಿತು, ಅಷ್ಟೇ.

ಒಂದು ಸಂಜೆ ಇಬ್ಬರನ್ನೂ ಚಹಾಕ್ಕೆ ಕರೆದು, ಹಾಲಿಗೂ ಸಿಂಹಕ್ಕೂ ಏನೆನ್ನುತ್ತೀರಿ ಎಂದು ಕೇಳಿ. ಕಾಬೂಲಿನವನು ಹಾಲಿಗೆ ಶೀರ್ (ನಮ್ಮ ಶೀರ್ ಖುರ್ಮಾದ ಶೀರ್ ಅದೇ), ಸಿಂಹಕ್ಕೆ ಶೇರ್ ಎನ್ನುತ್ತಾನೆ. ತೆಹರಾನಿನವನಿಗೆ ಹಾಲೂ ಶೀರ್, ಸಿಂಹವೂ ಶೀರ್, ನೀರಿನ ನಲ್ಲಿಯೂ ಶೀರ್. ಆಗ ಯಾರು ನಗುತ್ತಾರೆಂದು ಮುಂದಿನ ಪತ್ರದಲ್ಲಿ ಬರೆಯಿರಿ.

– ಸಂ.